ಮಂಚದ ಕೆಳಗಿನ ಚೀಲ

ದಾವಲಸಾಬರ ಮನೆಯ ಮಂಚದ ಕೆಳಗೆ ಕಲ್ಲಿನ ಚೀಲ ಇರಲಿಲ್ಲ. ಇತ್ತು ಎಂದು ಬರೆದ ಕಾಗದಕ್ಕೆ ಸಹಿ ಮಾಡಿದವಳು ನಾನು. ಎರಡೂವರೆ ವರ್ಷದ ನಂತರ ಕೋರ್ಟಿನ ಕಟಕಟೆಯಲ್ಲಿ ನಿಂತು, ಕಣ್ಣಾರೆ ಕಂಡೆ ಎಂದು ಪ್ರಮಾಣ ಮಾಡಿ ಹೇಳಿದವಳೂ ನಾನೇ. ಯಾರೂ ನನ್ನನ್ನು ಹೆದರಿಸಿರಲಿಲ್ಲ — ಇದನ್ನು ಮೊದಲೇ ಹೇಳಿಬಿಡಬೇಕು. ಇಲ್ಲದಿದ್ದರೆ ಓದುತ್ತ ಓದುತ್ತ ನೀವೇ ನನಗೊಂದು ನೆಪ ಹುಡುಕಿ ಕೊಡುತ್ತೀರಿ.

ನಾನು ಹುಬ್ಬಳ್ಳಿಯ ಒಂದು ಕಾಲೇಜಿನಲ್ಲಿ ಇತಿಹಾಸ ಕಲಿಸುತ್ತಿದ್ದೆ. ಸರಕಾರಿ ನೌಕರಿ, ನವನಗರದಲ್ಲಿ ಸ್ವಂತ ಮನೆ. ಕೊನೆಯ ವರ್ಷದವರಿಗೆ ಅಮೆರಿಕದ ಇತಿಹಾಸ ನನ್ನ ಪಾಲಿಗಿತ್ತು. ಅದರಲ್ಲಿ ಒಂದು ಅಧ್ಯಾಯವನ್ನು ನಾನು ಬಹಳ ಚೆನ್ನಾಗಿ ಹೇಳುತ್ತೇನೆಂದು ಹೆಸರಿತ್ತು — ಅಲ್ಲಿಯ ದೊಡ್ಡ ನಗರಗಳಲ್ಲಿ ಕಪ್ಪು ಜನರ ಓಣಿಗಳು ಹೊತ್ತಿ ಉರಿದ ಕಥೆ. ಪೊಲೀಸರು ಒಂದು ಕಾರು ನಿಲ್ಲಿಸುತ್ತಾರೆ, ಇಲ್ಲವೇ ಒಂದು ಮನೆಗೆ ನುಗ್ಗುತ್ತಾರೆ, ಜನ ಸೇರುತ್ತಾರೆ, ಗಾಜು ಒಡೆಯುತ್ತದೆ, ಅಂಗಡಿಗೆ ಬೆಂಕಿ ಬೀಳುತ್ತದೆ. ಆಮೇಲೆ ಕೈಗೆ ಸಿಕ್ಕವರನ್ನು ಹಿಡಿದು ಒಯ್ಯುತ್ತಾರೆ. ಸರಕಾರ ಆಯೋಗ ನೇಮಿಸುತ್ತದೆ, ಆಯೋಗ ದಪ್ಪನೆಯ ವರದಿ ಬರೆಯುತ್ತದೆ, ಮುಂದೊಂದು ಬೇಸಿಗೆಗೆ ಮತ್ತೊಂದು ಊರು ಉರಿಯುತ್ತದೆ. ವಿದ್ಯಾರ್ಥಿಗಳು ಬರೆದುಕೊಳ್ಳಲೆಂದು ಒಂದು ವಾಕ್ಯವನ್ನು ಎರಡು ಸಲ ನಿಧಾನವಾಗಿ ಹೇಳುತ್ತಿದ್ದೆ: ಆ ಬೆಂಕಿಯ ಬೇರು ಬಡತನವೊಂದೇ ಅಲ್ಲ, ಪೊಲೀಸರ ಮುಂದೆ ಯಾರ ಮಾತು ನಡೆಯುತ್ತದೆ, ಯಾರ ಮಾತು ನಡೆಯುವುದಿಲ್ಲ ಎಂಬಲ್ಲಿ ಅದು ಇದೆ.

ಎಂಟು ವರ್ಷದ ಹಿಂದೆ ನಮ್ಮ ಊರಿನ ಹಳೆಯ ಭಾಗದಲ್ಲಿಯೂ ಗಾಜು ಒಡೆಯಿತು. ಮೆರವಣಿಗೆ ಯಾವ ದಾರಿಯಿಂದ ಹೋಗಬೇಕೆಂಬ ಜಗಳ. ಕಲ್ಲು ತೂರಿದರು, ಪೊಲೀಸ್ ಜೀಪಿಗೆ ಬೆಂಕಿ ಹಚ್ಚಿದರು. ಮರುದಿನ ಮುಂಜಾನೆಯಿಂದ ಒಂದೇ ಓಣಿಯ ಗಂಡಸರನ್ನು ಹಿಡಿದು ಒಯ್ಯತೊಡಗಿದರು. ಮನೆಗಳನ್ನು ಶೋಧಿಸುವಾಗ ಹೊರಗಿನ ಇಬ್ಬರು ಪಂಚರಾಗಿ ನಿಂತು ನೋಡಬೇಕು, ಸಿಕ್ಕದ್ದನ್ನು ಬರೆದ ಪಂಚನಾಮೆಗೆ ಸಹಿ ಹಾಕಬೇಕು. ಮನೆಯಲ್ಲಿ ಹೆಂಗಸರಿದ್ದಾರೆ, ಪಂಚರಲ್ಲಿ ಒಬ್ಬ ಹೆಣ್ಣುಮಗಳು ಇರಲಿ ಎಂದು ಠಾಣೆಯಿಂದ ಕಾಲೇಜಿಗೆ ಹೇಳಿ ಕಳಿಸಿದರು. ನನ್ನನ್ನೂ ನಮ್ಮ ಕಚೇರಿಯ ಒಬ್ಬ ಗುಮಾಸ್ತರನ್ನೂ ಕಳಿಸಿಕೊಟ್ಟರು.

ಹೋದದ್ದು ಒಂದೇ ಮನೆಗೆ. ದಾವಲಸಾಬರು ಸ್ಕೂಟರ್‌ಗಳಿಗೆ ಸೀಟ್ ಕವರ್ ಹೊಲಿಯುವವರು. ಅವರನ್ನು ಹಿಂದಿನ ದಿನವೇ ಅಂಗಡಿಯಿಂದ ಒಯ್ದಿದ್ದರು. ಮನೆಯಲ್ಲಿ ಅವರ ಹೆಂಡತಿ ಮಾಬೂಬಿ ಒಬ್ಬಳೇ ಇದ್ದಳು. ಎರಡು ಖೋಲಿಯ ಮನೆ, ರೆಕ್ಸಿನ್ನಿನ ವಾಸನೆ. ಇಷ್ಟೆಲ್ಲ ಪೊಲೀಸರ ನಡುವೆಯೂ ಅವಳು ಕುರ್ಚಿಯ ಮೇಲಿನ ಬಟ್ಟೆ ತೆಗೆದು ನನಗೆ ಕೂಡಲು ಹೇಳಿದಳು, ತಂಬಿಗೆಯಲ್ಲಿ ನೀರು ತಂದುಕೊಟ್ಟಳು. ಪೇದೆಗಳು ಹಾಸಿಗೆ ಕಿತ್ತರು, ಡಬ್ಬಿ ಸುರುವಿದರು, ಹೊಲಿಗೆ ಯಂತ್ರವನ್ನು ಮಗುಚಿ ನೋಡಿದರು. ಮಂಚದ ಕೆಳಗೆ ಟಾರ್ಚ್ ಬಿಟ್ಟಾಗ ನನ್ನನ್ನೂ ನೋಡಿರೆಂದು ಕರೆದರು. ಬಗ್ಗಿ ನೋಡಿದೆ. ಒಂದು ತಗಡಿನ ಟ್ರಂಕು, ರೆಕ್ಸಿನ್ನಿನ ಸುರುಳಿಗಳು, ಒಂದು ಜೊತೆ ಹಳೆಯ ಚಪ್ಪಲಿ. ಇಷ್ಟೇ. ಮುಕ್ಕಾಲು ತಾಸಿನಲ್ಲಿ ಬರಿಗೈಯಲ್ಲಿ ಹೊರಗೆ ಬಂದೆವು.

ಸಂಜೆ ಠಾಣೆಯಲ್ಲಿ ಪಂಚನಾಮೆ ಟೈಪಾಗಿ ಸಿದ್ಧವಾಗಿತ್ತು. ಮೇಜಿನ ಪಕ್ಕ ಕಲ್ಲು ತುಂಬಿದ ಒಂದು ಗೋಣಿಚೀಲ, ಪೆಟ್ರೋಲ್ ವಾಸನೆಯ ಎರಡು ಬಾಟಲಿ. ಕಾಗದ ಓದಿದೆ — ಇವು ಆರೋಪಿಯ ಮನೆಯ ಮಂಚದ ಕೆಳಗೆ ಪಂಚರ ಸಮಕ್ಷಮ ಸಿಕ್ಕವು. ಗುಮಾಸ್ತರು ಆಗಲೇ ಸಹಿ ಮಾಡಿ ಕಿಟಕಿಯ ಕಡೆ ನೋಡುತ್ತಿದ್ದರು.

“ಇದು ಆ ಮನ್ಯಾಗ ಇರಲಿಲ್ಲಲ್ರಿ,” ಎಂದೆ. ಅಂದದ್ದು ನಿಜ. ಆದರೆ ಒಂದೇ ಸಲ ಅಂದೆ.

ಅಧಿಕಾರಿ ಸಿಟ್ಟಾಗಲಿಲ್ಲ. ದಣಿದ ದನಿಯಲ್ಲಿ ಹೇಳಿದರು: “ಮೇಡಂ, ಯಾವ ಮನ್ಯಾಗ ಅನ್ನೂದು ನಮಗ ಬಿಡ್ರಿ. ಈ ಓಣ್ಯಾಗ ಸಿಕ್ಕೈತಿ, ಅದಂತೂ ಖರೇ. ಸಹಿ ಮಾಡ್ರಿ, ಕರ್ಫ್ಯೂ ಆಗೂದ್ರಾಗ ಜೀಪಿನ್ಯಾಗ ಮನೀತನಕ ಬಿಡ್ತಾರ.”

ಆ ಗಳಿಗೆಯಲ್ಲಿ ನನ್ನ ಮನಸ್ಸಿನಲ್ಲಿ ಏನಿತ್ತು — ಎಷ್ಟೋ ವರ್ಷ ಅದು ಭಯವೆಂದು ನನಗೆ ನಾನೇ ಹೇಳಿಕೊಂಡೆ. ಭಯವಿರಲಿಲ್ಲ. ಅದಕ್ಕಿಂತ ಕೆಟ್ಟದ್ದೊಂದು ಇತ್ತು. ಈ ಮನೆಯಲ್ಲಿ ಇಲ್ಲದಿದ್ದರೆ ಪಕ್ಕದ ಮನೆಯಲ್ಲಿ ಇದ್ದೀತು. ಇವನಲ್ಲದಿದ್ದರೆ ಇವನ ತಮ್ಮನೋ, ನೆರೆಯವನೋ. ಅವರವರಲ್ಲಿ ಎಲ್ಲರಿಗೂ ಗೊತ್ತೇ ಇರುತ್ತದೆ — ಹೀಗೆ ಯೋಚಿಸಿದೆ. ಅವರವರಲ್ಲಿ! ಅವಳು ಕೊಟ್ಟ ನೀರು ಕುಡಿದು ಇನ್ನೂ ಐದು ತಾಸು ಆಗಿರಲಿಲ್ಲ. ಮೂರೂ ಪುಟಕ್ಕೆ ಸಹಿ ಮಾಡಿದೆ. ಜೀಪಿನಲ್ಲಿ ಮನೆಗೆ ಬಂದೆ. ಗಂಡ ಕೇಳಿದರೆ, ಸರಕಾರಿ ಕೆಲಸ, ಮುಗೀತು ಎಂದೆ.

ಕಾಲೇಜು ತೆರೆದ ವಾರದಲ್ಲಿಯೇ ಆ ಅಧ್ಯಾಯ ಬಂತು. ಬಿಡಬಹುದಿತ್ತು, ಬಿಡಲಿಲ್ಲ, ಎಂದಿನ ಹಾಗೆಯೇ ಹೇಳಿದೆ. ಎರಡು ಸಲ ಹೇಳುವ ವಾಕ್ಯವನ್ನೂ ಹೇಳಿದೆ. ಧಾರವಾಡದ ಲಕಮನಹಳ್ಳಿಯಿಂದ ಬರುತ್ತಿದ್ದ ಒಬ್ಬ ವಿದ್ಯಾರ್ಥಿನಿ ಎದ್ದು ನಿಂತಳು. ಅಪ್ಪ ಅಲ್ಲಿಯ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದ, ಹೆಚ್ಚು ಮಾತಾಡುವವಳಲ್ಲ. “ಮೇಡಂ, ಅಲ್ಲಿ ಪೊಲೀಸ್ರು ಬರೆದದ್ದಕ್ಕ ಹೌದು ಅಂತ ಸಾಕ್ಷಿ ಯಾರು ಹೇಳ್ತಿದ್ರು?” ಎಂದು ಕೇಳಿದಳು. ಅವಳಿಗೆ ಏನೂ ಗೊತ್ತಿರಲಿಲ್ಲ. ಸುಮ್ಮನೆ ಕೇಳಿದ್ದಳು. ಅದು ಪರೀಕ್ಷೆಗೆ ಬರುವುದಿಲ್ಲ ಎಂದು ಹೇಳಿ ಅವಳನ್ನು ಕೂಡಿಸಿದೆ.

ಆ ಚೀಲದ ಕಾರಣಕ್ಕೆ ದಾವಲಸಾಬರಿಗೆ ಜಾಮೀನು ಸಿಗಲಿಲ್ಲ. ಅವರೊಂದಿಗೆ ಹಿಡಿದವರಲ್ಲಿ ಹಲವರು ವರ್ಷದೊಳಗೆ ಹೊರಗೆ ಬಂದರು; ಇವರ ಮನೆಯಲ್ಲಿ ಮಾಲು ಸಿಕ್ಕಿದೆಯೆಂದು ಇವರನ್ನು ಬಿಡಲಿಲ್ಲ. ನನಗೆ ಸಮನ್ಸ್ ಬಂದಾಗ ಅವರು ಎರಡೂವರೆ ವರ್ಷದಿಂದ ಒಳಗಿದ್ದರು. ಅಂದು ಸತ್ಯ ಹೇಳಬಹುದಿತ್ತು. ಹಿಂದಿನ ದಿನ ಅಡುಗೆ ಮಾಡುತ್ತ ಮನಸ್ಸಿನಲ್ಲಿಯೇ ಹೇಳಿಯೂ ನೋಡಿದೆ — ‘ಸಹಿ ನನ್ನದು, ಆದರೆ...’ ಆ ‘ಆದರೆ’ಯ ಮುಂದೆ ನನ್ನ ನೌಕರಿ, ಹೆಸರು, ಕಾಲೇಜಿನವರ ಮುಖಗಳು ನಿಂತವು. ಕಟಕಟೆಯಲ್ಲಿ ಸರಕಾರಿ ವಕೀಲರು ಚೀಲ ತೋರಿಸಿ ಕೇಳಿದಾಗ ಹೌದು, ನಾನೇ ನೋಡಿದ್ದೇನೆ ಎಂದೆ. ಆರೋಪಿಯ ಪರ ವಕೀಲರು ತಿರುಗಿಸಿ ಮುರುಗಿಸಿ ಕೇಳಿದರು. ನಾನು ತಪ್ಪಲಿಲ್ಲ. ಇಷ್ಟು ವರ್ಷ ಪಾಠ ಹೇಳಿದ ನಾಲಿಗೆ.

ಹೊರಗೆ ಪಡಸಾಲೆಯಲ್ಲಿ ಮಾಬೂಬಿ ಎದುರಾದಳು. ಬಯ್ಯುತ್ತಾಳೆಂದು ತಲೆ ತಗ್ಗಿಸಿದೆ. ಅವಳು ಬಯ್ಯಲಿಲ್ಲ. “ನೀವು ಬಗ್ಗಿ ನೋಡಿದ್ರಲ್ರಿ, ಬಾಯಾರ,” ಎಂದಳು. ನಿಜವಾಗಿಯೂ ನನಗೆ ಮರೆತುಹೋಗಿರಬಹುದು, ನೆನಪಿಸಿದರೆ ನಾನು ಈಗಲೂ ಒಳಗೆ ಹೋಗಿ ನಿಜ ಹೇಳಿ ಬಂದೇನು ಎಂಬಂತೆ ಹೇಳಿದಳು. ನಾನು ಮೆಟ್ಟಿಲಿಳಿದು ಹೋದೆ.

ತೀರ್ಪಿನಲ್ಲಿ ನನ್ನ ಬಗ್ಗೆ ಎರಡು ಸಾಲು ಇದ್ದವು: ಈ ಸಾಕ್ಷಿ ವಿದ್ಯಾವಂತೆ, ಗೌರವಸ್ಥೆ, ಆರೋಪಿಯ ಮೇಲೆ ಈಕೆಗೆ ಯಾವ ದ್ವೇಷವೂ ಇಲ್ಲ; ಈಕೆಯ ಮಾತನ್ನು ನಂಬದಿರಲು ಕಾರಣವಿಲ್ಲ. ಏನೂ ಸಿಗಲಿಲ್ಲವೆಂದು ಮಾಬೂಬಿಯೂ ಸಾಕ್ಷಿ ಹೇಳಿದ್ದಳು. ಅವಳು ಆರೋಪಿಯ ಹೆಂಡತಿ, ಹಾಗೆ ಹೇಳುವುದು ಸಹಜ ಎಂದು ಅವಳ ಮಾತನ್ನು ಬಿಟ್ಟುಬಿಟ್ಟಿದ್ದರು. ನಾನು ವರ್ಷವರ್ಷ ಬರೆಸಿದ ವಾಕ್ಯದ ಅರ್ಥ ನನಗೇ ಅಂದು ತಿಳಿಯಿತು — ತಿಳಿದು ಏನು ಮಾಡಿದೆ? ಏನೂ ಮಾಡಲಿಲ್ಲ.

ಶಿಕ್ಷೆಯಾಯಿತು. ಮೇಲಿನ ಕೋರ್ಟಿಗೆ ಅಪೀಲು ಹಾಕಿ, ಮತ್ತೊಂದು ವರ್ಷದ ನಂತರ ದಾವಲಸಾಬರು ಜಾಮೀನಿನ ಮೇಲೆ ಮನೆಗೆ ಬಂದರು. ಅಷ್ಟರಲ್ಲಿ ಅಂಗಡಿ ಬೇರೆಯವರ ಪಾಲಾಗಿತ್ತು. ಮಾಬೂಬಿ ಅಮರಗೋಳದ ಮಾರುಕಟ್ಟೆಯಲ್ಲಿ ಮೆಣಸಿನಕಾಯಿ ಆರಿಸುವ ಕೆಲಸಕ್ಕೆ ಹೋಗುತ್ತಿದ್ದಳು.

ನಾನು ನಿವೃತ್ತಳಾದ ಮೇಲೆ, ಹೋದ ಶ್ರಾವಣದಲ್ಲಿ, ಅವರ ಮನೆಗೆ ಹೋದೆ. ಧೈರ್ಯ ಬಂದು ಹೋದದ್ದಲ್ಲ. ನೌಕರಿ ಮುಗಿದಿತ್ತು, ಕಳೆದುಕೊಳ್ಳುವುದು ಕಡಿಮೆಯಾಗಿತ್ತು. ದಾವಲಸಾಬರು ಹೊಸ್ತಿಲ ಹತ್ತಿರ ಕೂತಿದ್ದರು. ತೆಳ್ಳಗಾಗಿದ್ದರು, ಮಾತಾಡಿದರೆ ಕೆಮ್ಮು ಬರುತ್ತಿತ್ತು. ನಿಂತುಕೊಂಡೇ ಎಲ್ಲ ಹೇಳಿದೆ — ಚೀಲ ಇರಲಿಲ್ಲ, ನಾನು ಸುಳ್ಳು ಹೇಳಿದೆ.

ಅವರು ಕೇಳಿಸಿಕೊಂಡು, “ಇದನ್ನ ನನಗ ಯಾಕ ಹೇಳ್ತೀರಿ ಬಾಯಾರ? ನಮ್ಮ ಮನ್ಯಾಗ ಏನಿತ್ತು, ಏನಿರಲಿಲ್ಲ ಅಂತ ನನಗ ಗೊತ್ತೈತಲ್ರಿ,” ಎಂದರು. ಕೆಮ್ಮು ನಿಂತ ಮೇಲೆ ಮತ್ತೆ ಹೇಳಿದರು: “ಅಪೀಲು ಇನ್ನೂ ಐತ್ರಿ. ಅಲ್ಲಿ ಹೇಳ್ತೀರೇನು?”

“ಹೇಳ್ತೇನ್ರಿ,” ಎಂದೆ.

ಅವರು ಮಾಬೂಬಿಯನ್ನು ಕರೆದು ವಕೀಲರ ವಿಳಾಸ ಕೊಡಿಸಿದರು. ಅವರ ಮುಖದಲ್ಲಿ ಆಗ ಕಂಡದ್ದನ್ನು — ಬೇಡ, ಅದನ್ನು ಬರೆಯಲಾರೆ.

ವಕೀಲರನ್ನು ಒಮ್ಮೆ ಕಂಡೆ. ಚೀಲ ಇರಲಿಲ್ಲವೆಂದು ಪ್ರಮಾಣಪತ್ರ ಬರೆದುಕೊಟ್ಟರೆ ಅಪೀಲಿಗೆ ಬಲ ಬರುತ್ತದೆ, ಆದರೆ ಸುಳ್ಳು ಸಾಕ್ಷಿ ಹೇಳಿದ್ದಕ್ಕೆ ನಿಮ್ಮ ಮೇಲೆ ಮೊಕದ್ದಮೆಯಾಗಬಹುದು, ವಿಚಾರ ಮಾಡಿ ಬನ್ನಿ ಎಂದರು. ವಿಚಾರ ಮಾಡುತ್ತ ದಸರಾ ಕಳೆಯಿತು. ಪಿಂಚಣಿ ಇತ್ಯರ್ಥವಾಗಲಿ ಎಂದರು ಗಂಡ. ಪಿಂಚಣಿಯೂ ಬಂತು. ಸಂಕ್ರಾಂತಿ ಮುಗಿಯಲಿ ಎಂದೆ ನಾನು. ಮೊದಲ ಸಲದ ಸುಳ್ಳನ್ನು ಯೋಚನೆಯಿಲ್ಲದೆ ಹೇಳಿದೆನೆಂದು ಯಾರಾದರೂ ಅಂದಾರು. ಈ ತಡ ಹಾಗಲ್ಲ — ಅವರು ಕಾಯುತ್ತಿದ್ದಾರೆಂದು ಗೊತ್ತಿದ್ದೇ, ದಿನದಿನವೂ, ಎಚ್ಚರದಲ್ಲಿ ಮಾಡಿದ್ದು.

ಕೊನೆಗೆ ಹೋದಾಗ ಯುಗಾದಿ ಹತ್ತಿರವಾಗಿತ್ತು. ದಾವಲಸಾಬರು ತೀರಿಕೊಂಡು ಎರಡು ತಿಂಗಳಾಗಿದೆ ಎಂದು ವಕೀಲರು ಹೇಳಿದರು. ಅವರೊಂದಿಗೆ ಅಪೀಲೂ ಮುಗಿದಿತ್ತು. ಅದನ್ನು ಮುಂದುವರಿಸಬೇಕೆಂದು ಹೆಂಡತಿ ಒಂದು ತಿಂಗಳೊಳಗೆ ಕೇಳಬೇಕಿತ್ತು. ಕೇಳಬೇಕೆಂದು ಅವಳಿಗೆ ತಿಳಿದಿರಲಿಲ್ಲ. ಆದ್ದರಿಂದ ಅವರು ಅಪರಾಧಿ ಎಂಬ ತೀರ್ಪು ಹಾಗೆಯೇ ಉಳಿಯಿತು. ಇನ್ನು ನಾನು ಏನು ಹೇಳಿದರೂ ಅದು ನನ್ನ ತಪ್ಪಿನ ಲೆಕ್ಕಕ್ಕೆ ಮಾತ್ರ ಎಂದರು.

ಆದರೂ ಪ್ರಮಾಣಪತ್ರ ಬರೆಸಿ, ಸಾಕ್ಷಿ ಹೇಳಿದ ಕೋರ್ಟಿಗೇ ಕೊಟ್ಟೆ. ಕೊಟ್ಟದ್ದನ್ನು ತಿಳಿಸಲು ಮಾಬೂಬಿಯ ಮನೆಗೆ ಹೋದೆ. ಅವಳು ಆಗಷ್ಟೇ ಮಾರುಕಟ್ಟೆಯಿಂದ ಬಂದಿದ್ದಳು. ಮೆಣಸಿನಕಾಯಿಯ ಘಾಟಿಗೆ ಕಣ್ಣುಗಳು ಕೆಂಪಾಗಿದ್ದವು. ಒಳಗೆ ಬನ್ನಿ ಎನ್ನಲಿಲ್ಲ. ನಾನು ಹೇಳಿ ಮುಗಿಸುವವರೆಗೂ ಬಾಗಿಲಲ್ಲಿ ನಿಂತಿದ್ದಳು.

“ಇನ್ನ ಯಾರ ಸಲುವಾಗಿ ಹೇಳ್ತೀರಿ, ಬಾಯಾರ?” ಎಂದಳು. ಸಿಟ್ಟಿರಲಿಲ್ಲ. ಬಾಗಿಲನ್ನು ಮೆಲ್ಲಗೆ ಮುಂದೆ ಮಾಡಿ ಮುಚ್ಚಿದಳು.

ನನ್ನ ಮೇಲೆ ಮೊಕದ್ದಮೆ ನಡೆಯುವುದೋ ಇಲ್ಲವೋ ತಿಳಿಯದು. ಕರೆದ ದಿನ ಹೋಗುತ್ತೇನೆ. ವಕೀಲರನ್ನು ಇಟ್ಟುಕೊಳ್ಳುವುದಿಲ್ಲ.