ಅಡುಗೆಮನೆ ಕಡೆಯ ಕೊಂಬೆ

ಗೆಳೆಯರೇ, ನೀವಾದರೂ ನಕ್ಕುಬಿಡಿ. ಇವತ್ತು ಕೋರ್ಟಿನಲ್ಲಿ ನಾನು ನಗುವಂತಿರಲಿಲ್ಲ.

ನನ್ನ ಕಕ್ಷಿದಾರರು ಸಂಜಯನಗರದ ರಂಗಪ್ಪನವರು. ಪಕ್ಕದ ಮನೆ ಸರೋಜಮ್ಮನವರ ನುಗ್ಗೆ ಮರದಿಂದ ಕಂಬಳಿಹುಳಗಳು ಬರುತ್ತವೆ, ತಮ್ಮ ಕಾಂಪೌಂಡಿನೊಳಗೆ ಚಾಚಿದ ಕೊಂಬೆಗಳನ್ನೆಲ್ಲ ಕಡಿಸಬೇಕು ಎಂಬುದು ಅವರ ದಾವೆ. ಈಗ ವಾದಪತ್ರ ತಿದ್ದಬೇಕಂತೆ. ಅಡುಗೆಮನೆ ಕಡೆಯ ಕೊಂಬೆಯೊಂದನ್ನು ಬಿಟ್ಟು ಮಿಕ್ಕಿದ್ದನ್ನು ಕಡಿಸಬೇಕಂತೆ. ಅವರ ಹೆಂಡತಿಯ ಆಜ್ಞೆ. ಅರ್ಜಿ ಹಾಕಿದೆ.

ನ್ಯಾಯಾಧೀಶರು ಕನ್ನಡಕ ತೆಗೆದರು. "ಏನ್ರೀ ವಕೀಲ್ರೇ, ಆ ಕೊಂಬೇಲಿ ಹುಳ ಇರಲ್ವಾ?"

"ಇರುತ್ತೆ ಸ್ವಾಮಿ. ಆದ್ರೆ ಕಾಯೂ ಇರುತ್ತೆ."

"ಇದನ್ನ ದಾವೆ ಹಾಕೋವಾಗ್ಲೇ ಹೇಳ್ಬೇಕಿತ್ತಲ್ವಾ?"

"ಆಗಿನ್ನೂ ಎಳೇ ಮರ ಸ್ವಾಮಿ. ಕೇಸ್ ನಡೀತಾ ನಡೀತಾ ಕಾಯಿ ಬಿಡೋಕೆ ಶುರುವಾಯ್ತು."

ಕೋರ್ಟ್ ಹಾಲಿನಲ್ಲಿದ್ದವರೆಲ್ಲ ನಕ್ಕರು. ಸರೋಜಮ್ಮನ ವಕೀಲರು ಮಾತ್ರ ಸಿಟ್ಟಿನಿಂದ ಎದ್ದು, "ಇದು ದುರುದ್ದೇಶದ ಅರ್ಜಿ ಸ್ವಾಮಿ, ತಕರಾರು ಹಾಕೋಕೆ ಟೈಮ್ ಬೇಕು" ಎಂದರು. ಬೇಸಿಗೆ ರಜೆ ಕಳೆದ ಮೇಲಿನ ದಿನಾಂಕ ಸಿಕ್ಕಿತು.

"ಒಳ್ಳೇದೇ ಆಯ್ತು ಬಿಡಿ ಸಾರ್, ಅಷ್ಟೊತ್ತಿಗೆ ಈ ಸಲದ ಕಾಯಿ ಮುಗಿದಿರುತ್ತೆ" ಎಂದು ಹೊರಗೆ ಬಂದ ಮೇಲೆ ರಂಗಪ್ಪನವರು ಪೇಪರಿನಲ್ಲಿ ಸುತ್ತಿದ ನುಗ್ಗೆಕಾಯಿ ಕಟ್ಟೊಂದನ್ನು ನನ್ನ ಕೈಗಿಟ್ಟರು.

ನಾಚಿಕೆಯಾಗಿ ಅತ್ತಿತ್ತ ನೋಡಿದೆ. ಎದುರಿಗೆ ಸರೋಜಮ್ಮನ ವಕೀಲರು ನಿಂತಿದ್ದರು. ಅವರ ಬ್ಯಾಗಿನಿಂದಲೂ ಅದೇ ಮರದ ಕಾಯಿಗಳು ಮೂತಿ ಹೊರಗೆ ಹಾಕಿದ್ದವು.

ಮರ ಕಡಿಸುವ ವಿಷಯದಲ್ಲಿ ನಮ್ಮಿಬ್ಬರಿಗೂ ಈಗ ಯಾವ ಅವಸರವೂ ಇಲ್ಲ.