ಲಾರಿ ತನ್ನ ಬದಿಯಲ್ಲೇ ಇತ್ತು

ತಪ್ಪು ನಿಮ್ಮದಾಗಿರಲಿಲ್ಲ, ಮಲ್ಲಪ್ಪಣ್ಣ. ನಿಮ್ಮ ಲಾರಿ ತನ್ನ ಬದಿಯಲ್ಲೇ ಬರುತ್ತಿತ್ತು. ಅಡ್ಡ ನುಗ್ಗಿದ್ದು ನನ್ನ ಗಂಡನ ಬೈಕು. ಹಿಂದೆ ಕೂತು ಎಲ್ಲವನ್ನೂ ಕಂಡಿದ್ದ ನಾನು, ವಿಜಯಪುರದ ಕೋರ್ಟಿನಲ್ಲಿ ಪ್ರಮಾಣ ಮಾಡಿ ಅದನ್ನು ತಿರುವುಮುರುವು ಮಾಡಿ ಹೇಳಿದೆ.

ಬಬಲೇಶ್ವರದ ನನ್ನ ತವರಿನಿಂದ ತಿಕೋಟಾಕ್ಕೆ ಮರಳುತ್ತಿದ್ದೆವು. ಮಗಳನ್ನು ಅತ್ತೆಯ ಹತ್ತಿರ ಬಿಟ್ಟಿದ್ದೆವು. ಕೂಸಿಗೆ ಜ್ವರ ಬಂದಿದೆ, ಅಳು ನಿಲ್ಲಿಸುತ್ತಿಲ್ಲ ಎಂದು ಅತ್ತೆ ಮೇಲಿಂದ ಮೇಲೆ ಫೋನ್ ಮಾಡುತ್ತಿದ್ದರು. ನನ್ನ ಗಂಡ ಶಿವಾನಂದ ಒಂದು ಕೈಯಲ್ಲಿ ಗಾಡಿ, ಇನ್ನೊಂದರಲ್ಲಿ ಫೋನ್ ಹಿಡಿದು, "ಬಂದ್ವಿ ಬೇ ಯವ್ವಾ, ಇಲ್ಲೇ ಅದೀವಿ" ಎನ್ನುತ್ತಲೇ ತಿರುವಿನಲ್ಲಿ ಟ್ರ್ಯಾಕ್ಟರನ್ನು ಹಿಂದೆ ಹಾಕಲು ಹೋದರು. ಭುಜ ಹಿಡಿದು ತಡೆಯಬಹುದಿತ್ತು — ತಡೆಯಲಿಲ್ಲ. ನನಗೂ ಮನೆ ಮುಟ್ಟುವ ಅವಸರ.

ಎದುರಿಗೆ ನೀವು. ನಮ್ಮನ್ನು ಉಳಿಸಲೆಂದೇ ಲಾರಿಯನ್ನು ಮಣ್ಣಿಗಿಳಿಸಿ, ದ್ರಾಕ್ಷಿ ತೋಟದ ತಂತಿ ಬೇಲಿಗೆ ನುಗ್ಗಿಸಿದಿರಿ. ಆದರೂ ಬೈಕು ನಿಮ್ಮ ಹಿಂದಿನ ಗಾಲಿಗೆ ಬಡಿಯಿತು. ಟ್ರ್ಯಾಕ್ಟರಿನವನು ನಿಲ್ಲಲಿಲ್ಲ. ನೀವು ಓಡಿಹೋಗಲಿಲ್ಲ. ಶಿವಾನಂದರ ತಲೆಗೆ ನಿಮ್ಮ ಟವೆಲ್ ಸುತ್ತಿ, "ಕಣ್ಣ ಮುಚ್ಚಬ್ಯಾಡೋ ತಮ್ಮಾ" ಎಂದು ಅಂಗಲಾಚುತ್ತಿದ್ದಿರಿ. ನನಗೆ ಅದೂ ಕೇಳಿಸುತ್ತಿತ್ತು.

ಆಸ್ಪತ್ರೆಯಲ್ಲಿ ಪೊಲೀಸರು ಹೇಗಾಯಿತೆಂದು ಕೇಳಿದಾಗ ಅತ್ತೆ ನನ್ನ ಪಕ್ಕದಲ್ಲೇ ಎದೆ ಬಡಿದುಕೊಳ್ಳುತ್ತಿದ್ದರು. ಫೋನಿನ ಮಾತನ್ನು ಆ ತಾಯಿಯ ಎದುರು ಹೇಗೆ — ಬಾಯಿಂದ ಬಂದದ್ದು ಇಷ್ಟೇ: "ಲಾರಿ ನಮ್ಮ ಕಡೆ ಬಂತ್ರಿ."

ಪರಿಹಾರದ ಕೇಸು ಹಾಕುವಾಗ ವಕೀಲರು ಬಿಡಿಸಿ ಹೇಳಿದರು. "ನೋಡ್ರಿ ಅಕ್ಕಾರ, ಜೀವ ಹೋಗೇತಿ ಅಂದ್ರ ಅಷ್ಟಕ್ಕ ಆಗಂಗಿಲ್ಲ. ಡ್ರೈವರನ ನಿಷ್ಕಾಳಜಿ ಐತಿ ಅಂತ ತೋರಿಸಬೇಕು. ಕಣ್ಣಾರೆ ನೋಡಿದವರು ನೀವ ಒಬ್ರು." ಸುಳ್ಳು ಹೇಳಿರೆಂದು ಅವರು ಹೇಳಲಿಲ್ಲ. ಅದನ್ನು ನಾನಾಗಿಯೇ ಮುಂದುವರಿಸಿದೆ. ಲಾರಿ ನಮ್ಮ ಬದಿಗೆ ಬಂತು, ಕೊನೆಗೆ ಡ್ರೈವರ್ ಗಾಬರಿಯಾಗಿ ತೋಟಕ್ಕೆ ತಿರುಗಿಸಿದ ಎಂದೆ. ಮಣ್ಣಿನಲ್ಲಿದ್ದ ಗಾಲಿಯ ಗುರುತು, ಕಿತ್ತ ಬೇಲಿ — ನಮ್ಮನ್ನು ಉಳಿಸಲು ನೀವು ಮಾಡಿದ್ದೇ ನೀವು ಅತಿ ವೇಗದಲ್ಲಿದ್ದಿರಿ ಎಂಬುದಕ್ಕೆ ಪುರಾವೆಯಾಯಿತು.

ನಮಗೆ ಪರಿಹಾರ ಬಂತು. ಅದೇ ಮಾತನ್ನು ಕ್ರಿಮಿನಲ್ ಕೋರ್ಟಿನಲ್ಲೂ ಹೇಳಬೇಕಾಯಿತು. ಒಮ್ಮೆ ಹೇಳಿದ ಮೇಲೆ ಹಿಂದೆ ಸರಿಯಲು ದಾರಿ ಎಲ್ಲಿತ್ತು? ಇತ್ತು. ನಾನು ಸರಿಯಲಿಲ್ಲ. ನಿಮಗೆ ಶಿಕ್ಷೆಯಾಯಿತು. ಮೇಲ್ಮನವಿ ಹಾಕಿ ಜಾಮೀನಿನ ಮೇಲೆ ಹೊರಗಿದ್ದೀರಿ. ಯಾವ ಮಾಲೀಕನೂ ನಿಮ್ಮ ಕೈಗೆ ಗಾಡಿ ಕೊಡುತ್ತಿಲ್ಲ.

ಮನೆಯಲ್ಲಿ ಅತ್ತೆ ನನ್ನ ಮಗಳಿಗೆ ನಿಮ್ಮ ಹೆಸರು ಹೇಳಿಕೊಟ್ಟಿದ್ದಾರೆ, ಅಪ್ಪನನ್ನು ಕೊಂದವನು ಎಂದು. ಅವಳಿಗೀಗ ಹತ್ತು ವರ್ಷ. ಒಂದು ದಿನ ಊಟಕ್ಕೆ ಕೂತಾಗ ಕೇಳಿದಳು, "ಅವ್ವಾ, ಅಂವಾ ಇನ್ನೂ ಯಾಕ ಹೊರಗ ಅದಾನ?"

ಅದಾದ ಮೇಲೆಯೇ ನಾನು ಇಬ್ರಾಹಿಂಪುರಕ್ಕೆ ನಿಮ್ಮ ಮನೆ ಹುಡುಕಿಕೊಂಡು ಬಂದದ್ದು. ನೀವು ಬೈಯುತ್ತೀರಿ ಅಂದುಕೊಂಡಿದ್ದೆ. ನಿಮ್ಮ ಹೆಂಡತಿ ಒಳಗೆ ಹೋಗಿ ಬಾಗಿಲು ಹಾಕಿಕೊಂಡರು. ಸುಳ್ಳು ಹೇಳಿದೆನೆಂದು ನಾನು ಒಪ್ಪಿಕೊಂಡಾಗ ನೀವು, "ನನಗ ಹೇಳಿ ಏನ ಮಾಡ್ತೀರಿ ತಂಗೀ? ನನಗ ಗೊತ್ತೈತಿ. ಗೊತ್ತಿಲ್ಲದವರಿಗೆ ಹೇಳ್ರಿ" ಎಂದಿರಿ.

ಮರುದಿನ ಅತ್ತೆಗೆ ಹೇಳಿದೆ, ತಪ್ಪು ಅವರ ಮಗನದೇ ಎಂದು. ಅವರು ಅಳಲಿಲ್ಲ. "ಗಾಡಿ ಹೊಡಿಯೂದ್ರಾಗ ಅಷ್ಟ ಶ್ಯಾಣ್ಯಾ ಇದ್ದ. ಅಂವಗ ಏನಾಗಿತ್ತು ಆವತ್ತ?" ಎಂದು ಕೇಳಿದರು.

ನನಗೆ ಗೊತ್ತಿಲ್ಲ ಎಂದೆ — ಮತ್ತೆ ಸುಳ್ಳು.

ನಿಮ್ಮ ವಕೀಲರನ್ನು ಕಂಡು ಬಂದಿದ್ದೇನೆ. ಸುಳ್ಳು ಸಾಕ್ಷಿ ಹೇಳಿದ್ದಕ್ಕೆ ನನ್ನ ಮೇಲೆಯೇ ಕೇಸಾಗಬಹುದು, ಪರಿಹಾರವನ್ನೂ ಮರಳಿ ಕೇಳಬಹುದು ಎಂದು ಎಚ್ಚರಿಸಿದರು. ಆಗಲಿ. ಕೋರ್ಟು ಕರೆದರೆ ಅತ್ತೆಯೂ ಬರುತ್ತಾರಂತೆ, ಸೊಸೆಯನ್ನು ಒಬ್ಬಳನ್ನೇ ಕಳಿಸುವುದಿಲ್ಲವಂತೆ. ಆವತ್ತು ಏನಾಗಿತ್ತು ಎಂದು ಅವರು ಕೇಳಿದ್ದನ್ನೇ ಅಲ್ಲಿಯೂ ಯಾರಾದರೂ ಕೇಳುತ್ತಾರೆ. ಆಗ ಅತ್ತೆಯ ಮುಖ ನೋಡದೆ ಉತ್ತರ ಹೇಳಬೇಕು. ಹೇಳುತ್ತೇನೆ, ಮಲ್ಲಪ್ಪಣ್ಣ.