ಎಸಿ ಆರಿಸಿದ ಮನೆಯ ಮೌನ

ಫ್ರೆಂಚರ ಶೂಟಿಂಗ್‌ನಲ್ಲಿ ಬೆಳಿಗ್ಗೆ ಬಂದವರು ಮೊದಲು ಎಲ್ಲರ ಹತ್ತಿರ ಹೋಗಿ ಕೆನ್ನೆಗೆ ಕೆನ್ನೆ ತಾಗಿಸಬೇಕು. ಟೀ ಕೊಡುವವನನ್ನೂ ಬಿಡುವಂತಿಲ್ಲ. ಮಂಗಳೂರಿನ ಕಡೆಯ ಹೆಂಗಸಾದ ನನಗೆ ಮೊದಮೊದಲು ಮೈ ಮುದುಡುತ್ತಿತ್ತು. ಆಮೇಲೆ ರೂಢಿಯಾಯಿತು; ಇವರು ನನ್ನವರೇ ಎಂದು ನಂಬಿಯೂಬಿಟ್ಟೆ. ದುಬೈಯಲ್ಲಿ ಅವರಿಗೆ ಜಾಗ ಹುಡುಕಿಕೊಡುವುದು, ಪರವಾನಗಿ ಮಾಡಿಸುವುದು, ಶೂಟಿಂಗ್ ನಡೆಯುವಾಗ ಗಲ್ಲಿಯ ಬಾಯಿ ಮುಚ್ಚಿಸುವುದು ನನ್ನ ಕೆಲಸ. ಪ್ಯಾರಿಸ್ಸಿನಿಂದ ಬರುತ್ತಿದ್ದ ಪ್ರೊಡಕ್ಷನ್ ಮ್ಯಾನೇಜರಮ್ಮ ನನ್ನನ್ನು ತಂಗಿ ಎಂದೇ ಪರಿಚಯಿಸುತ್ತಿದ್ದಳು.

ಒಂದು ಸಿನಿಮಾಕ್ಕೆ ದುಬೈಯ ಸತ್ವಾ ಬಡಾವಣೆಯ ಹಳೇ ವಿಲ್ಲಾ ಬೇಕಾಯಿತು. ಪ್ಲೈವುಡ್ ಗೋಡೆ ಹೊಡೆದುಕೊಂಡು ನಾಲ್ಕಾರು ಸಂಸಾರಗಳು ಇರುವಂಥದ್ದು. ಅಂಥದೊಂದರಲ್ಲಿ ನನ್ನ ಗೆಳತಿಯಿದ್ದಳು. ಕೊಂಕಣಿ ಮನೆಮಾತಿನ ನರ್ಸು. ನಾನು ಈ ಊರಿಗೆ ಬಂದಾಗ ಅರ್ಧ ಮಂಚ ಬಿಟ್ಟುಕೊಟ್ಟವಳು. ಊರಲ್ಲಿ ಅಜ್ಜಿಯ ಹತ್ತಿರ ಬೆಳೆದ ಅವಳ ಮಗ, ಬಿಟ್ಟು ಹೋದಳೆಂಬ ಸಿಟ್ಟಿಗೆ ಅಮ್ಮನ ಜೊತೆ ಮಾತು ನಿಲ್ಲಿಸಿದ್ದ.

"ಕೋಣೆ ಕೊಡ್ತೇನೆ ಮಾರಾಯ್ತಿ. ಆದ್ರೆ ನನ್ನ ಮುಖ, ಸ್ವರ ಎಂತದ್ದೂ ಬರ್ಬಾರ್ದು, ಆಯ್ತಾ?" ಅಂದಳು. ನಾನು ಮಾತು ಕೊಟ್ಟೆ.

ದೃಶ್ಯ ಮುಗಿದ ಮೇಲೆ ಸೌಂಡಿನವನು ಆ ಕೋಣೆಯ ಮೌನವನ್ನೂ ರೆಕಾರ್ಡ್ ಮಾಡಿಕೊಳ್ಳುತ್ತಾನೆ. ಎಡಿಟಿಂಗಿನಲ್ಲಿ ಮಾತುಗಳ ನಡುವೆ ತುಂಬಲು ಅದು ಬೇಕು. ಎಸಿ, ಫ್ರಿಜ್ ಆರಿಸಿದೆ. ಎಲ್ಲರೂ ನಿಂತಲ್ಲೇ ನಿಂತೆವು. ಆಗಲೇ ಪ್ಲೈವುಡ್ಡಿನ ಆಚೆ, ಪಕ್ಕದವರ ಕೋಣೆಯಲ್ಲಿ ಕೂತಿದ್ದ ಗೆಳತಿಯ ಫೋನ್ ಗುರ್ರೆಂದಿತು. ಮಗ! ಆ ಕರೆಯನ್ನು ಯಾವ ತಾಯಿ ಬಿಟ್ಟಾಳು? ದನಿ ತಗ್ಗಿಸಿಯೇ ಮಾತಾಡಿದಳು, ಆದರೂ ಎಸಿಯಿಲ್ಲದ ಮನೆಯಲ್ಲಿ ಎಲ್ಲ ಕೇಳಿಸಿತು. ಬೇಕಾದರೆ ಬಯ್ಯಿ ಪುತಾ, ಫೋನ್ ಮಾತ್ರ ಇಡಬೇಡ ಎಂದು ಕೊಂಕಣಿಯಲ್ಲಿ ಅಳುತ್ತಾ ಬೇಡುತ್ತಿದ್ದಳು. ಸೌಂಡಿನವನು ಕಣ್ಣು ಮುಚ್ಚಿ ಕೇಳುತ್ತಲೇ ಇದ್ದ, ರೆಕಾರ್ಡಿಂಗ್ ನಿಲ್ಲಿಸಲಿಲ್ಲ.

ನಾನು ನೇರ ಮ್ಯಾನೇಜರಮ್ಮನ ಬಳಿ ಹೋಗಿ, ಅದನ್ನು ಅಳಿಸಬೇಕು ಅಂದೆ. ಯಾಕೆಂದೂ ಬಿಡಿಸಿ ಹೇಳಿದೆ. ಅವಳು ನನ್ನ ಎರಡೂ ಕೈ ಹಿಡಿದು "ಖಲಾಸ್" ಅಂದಳು. ಮುಗಿಯಿತು ಅಂತ; ಅವಳಿಗೆ ಬರುತ್ತಿದ್ದ ಒಂದೇ ಅರಬ್ಬಿ ಪದ ಅದು. ಅಳಿಸುತ್ತಾಳೆಂದು ನಂಬಿದೆ.

ಮರುವರ್ಷ ಅಬುಧಾಬಿಯಲ್ಲಿ ಸಿನಿಮಾ ತೋರಿಸಿದರು. ಗೆಳತಿಯನ್ನು ನಾನೇ ಒತ್ತಾಯ ಮಾಡಿ ಕರೆದುಕೊಂಡು ಹೋದೆ. ತನ್ನ ಕಿಟಕಿ, ತನ್ನ ಪರದೆ ತೆರೆಯ ಮೇಲೆ ಕಂಡಾಗಲೆಲ್ಲ ಮಗುವಿನ ಹಾಗೆ ನನ್ನನ್ನು ತಿವಿಯುತ್ತಿದ್ದಳು. ಕೊನೆಗೆ ನಾಯಕಿ ಒಬ್ಬಳೇ ಮಂಚದ ಮೇಲೆ ಮಲಗಿದಳು. ಗೋಡೆಯಾಚೆಯಿಂದ ಅಳು ಬಂತು. ಬಯ್ಯಿ ಪುತಾ, ಫೋನ್ ಇಡಬೇಡ.

ಪಕ್ಕದ ತಿವಿತ ನಿಂತಿತು. ಕತ್ತಲಲ್ಲಿ ಅವಳ ಕಡೆ ತಿರುಗುವ ಧೈರ್ಯ ನನಗೆ ಬರಲಿಲ್ಲ.

ಹೊರಗೆ ಮ್ಯಾನೇಜರಮ್ಮ ಎಂದಿನಂತೆ ಕೆನ್ನೆ ಮುಂದೆ ಮಾಡಿ ಬಂದಳು. ಅಳಿಸುತ್ತೇನೆ ಅಂದಿದ್ದೆಯಲ್ಲ ಎಂದು ಕೇಳಿದೆ. "ಅಷ್ಟು ಚೆನ್ನಾಗಿತ್ತು, ಹೇಗೆ ಬಿಡೋದು? ಹೇಗೂ ಆ ಭಾಷೆ ಯಾರಿಗೂ ಅರ್ಥ ಆಗಲ್ಲ" ಅಂದಳು. ಇಂಥವಳ ಕೆನ್ನೆಗೆ ಇಷ್ಟು ವರ್ಷ ಕೆನ್ನೆ ಕೊಟ್ಟೆನಲ್ಲ ಎಂದು ಮೈಯೆಲ್ಲ ಉರಿಯಿತು. ಆ ಕಂಪನಿಯ ಕೆಲಸವನ್ನು ಅವತ್ತೇ ಬಿಟ್ಟೆ.

ವಾಪಸ್ ಬರುವಾಗ ಬಸ್ಸಿನಲ್ಲಿ ನಡೆದದ್ದನ್ನೆಲ್ಲ ಗೆಳತಿಗೆ ಹೇಳಿದೆ. "ನಿನ್ನದು ತಪ್ಪಿಲ್ಲ ಬಿಡು" ಅಂದಳು. ನನಗೂ ಹಾಗೇ ಅನ್ನಿಸಿ ಸ್ವಲ್ಪ ಹಗುರಾಯಿತು.

ಮೊನ್ನೆ ಸತ್ವಾಕ್ಕೆ ಹೋಗಿದ್ದೆ. ಚಹಾ ಕುಡಿಯುತ್ತಿದ್ದಾಗ ಅವಳ ಫೋನ್ ಹೊಡೆದುಕೊಂಡಿತು. ಪರದೆಯ ಮೇಲೆ ಮಗನ ಫೋಟೋ. ನನ್ನ ಮುಖ ನೋಡಿದಳು, ಫೋನನ್ನು ಬೋರಲು ಹಾಕಿ, ಅದು ನಿಲ್ಲುವವರೆಗೂ ಸುಮ್ಮನೆ ಕೂತಳು.